ನಮ್ಮ ಮನೆಯವರು ಬರೆದ ವಿದ್ಯುತ್ಕಾಂತತೆ

ನನ್ನ ಮಾವ ಹೊನ್ನಾಳಿ, ನ್ಯಾಮತಿ, ಜಗಳೂರು ಎಂದು ಬಸ್ಸಿನಲ್ಲಿ ಓಡಾಡಿಕೊಂಡೇ ಫಿಸಿಕ್ಸ್ ಪಾಠ ಮಾಡಿ ರಿಟೈರಾದವರು. ಆಮೇಲೆ ಚನ್ನಗಿರಿಯ ಮನೆಯಲ್ಲಿ ಕೂತು ಕನ್ನಡದಲ್ಲೇ ವಿದ್ಯುತ್ಕಾಂತತೆಯ ಪಠ್ಯಪುಸ್ತಕ ಬರೆದರು. ಪುಸ್ತಕವೇನೋ ಮುಗಿಯಿತು. ಬೆನ್ನುಡಿಯಲ್ಲಿ ಪ್ರಾಣ ಹೋಯಿತು, ಅದೂ ನನ್ನ ಪ್ರಾಣ.

"ಸರ್, ಮುನ್ನುಡಿಯಾಗೆ ಇರೋದೇ ಹಿಂದಿನ ರಟ್ಟಿನ ಮೇಲೂ ಐತೆ, ಬೇರೆ ಮಾತಲ್ಲಿ ಬರ್ದು ಕೊಡ್ರಿ" ಎಂದು ಪ್ರೆಸ್ಸಿನವರು ಫೋನ್ ಮಾಡಿದ್ದರು. ಮಾವ ಸೀದಾ ನನ್ನ ಕಡೆ ತಿರುಗಿದರು. ನಾನು ಹೈಸ್ಕೂಲಿನಲ್ಲಿ ಕನ್ನಡ ಹೇಳಿಕೊಡುವವಳು. ಸಮಾನಾರ್ಥಕ ಪದಗಳನ್ನು ನಾನು ತವರಿನಿಂದಲೇ ಪಾತ್ರೆ ಪಡಗದ ಜೊತೆ ತಂದಿದ್ದೇನೆ ಎಂದು ಅವರ ನಂಬಿಕೆ.

"ವಿದ್ಯುತ್ ಅನ್ನೋ ಕಡೆ ಕರೆಂಟು ಅಂತ ಹಾಕ್ಲಾ ಮಾವ?"

"ಅಯ್ಯೋ, ಕರೆಂಟು ಅಂದ್ರೆ ಹರಿಯೋದಮ್ಮ. ಎಲ್ಲಾ ವಿದ್ಯುತ್ತೂ ಹರಿಯಾಕಿಲ್ಲ."

"ಹೋಗ್ಲಿ, ಕ್ಷೇತ್ರಕ್ಕೆ ವಲಯ?"

"ಕ್ಷೇತ್ರ ಮುಟ್ಟಬ್ಯಾಡ."

"ಸರಳ ಅನ್ನೋದಕ್ಕೆ ಸುಲಭ?"

"ಸುಲಭ ಅಂದ್ರೆ ಹುಡುಗ್ರು ಪುಸ್ತಕಾನೇ ತಗಳಾಕಿಲ್ಲ. ಓದದೇ ಪಾಸಾಗ್ತೀವಿ ಅಂತಾರೆ."

ಹೀಗೆ ಒಂದೊಂದು ಪದಕ್ಕೂ ಜಗ್ಗಾಟ. ಬೇರೆ ಮಾತಲ್ಲಿ ಬರೆಯಬೇಕು, ಆದರೆ ಯಾವ ಮಾತೂ ಬೇರೆಯಾಗಬಾರದು. ನನಗೆ ತಲೆ ಕೆಟ್ಟು ಹೋಯಿತು. ಕೊನೆಗೆ ಅವರು, "ಏನಾದ್ರೂ ಮಾಡು, ನನ್ನ ಹೆಸರೊಂದು ತೆಗೀಬ್ಯಾಡ" ಎಂದು ಎದ್ದು ಹೋದರು. ಬೆನ್ನುಡಿಯಲ್ಲಿ ಅವರ ಹೆಸರು ಮೂರು ಕಡೆ ಬರುತ್ತಿತ್ತು. ಕಾಲೇಜಿನಲ್ಲಿ ಅವರು ಬರೀ ಸರ್, ಬೀದಿಯಲ್ಲಿ ಮೇಷ್ಟ್ರು, ಮನೆಯಲ್ಲಿ ಅಪ್ಪಾಜಿ. ಹೆಸರು ಹಿಡಿದು ಕರೆಯುವ ಹಿರಿಯರು ಒಬ್ಬೊಬ್ಬರಾಗಿ ಹೋಗಿಬಿಟ್ಟಿದ್ದರು. ನಗುತ್ತಲೇ ಹೇಳಿದರೂ ಅದು ನಗುವ ಮಾತಲ್ಲ ಎಂದು ನನಗೆ ತಿಳಿಯಿತು, ಪಾಪ ಅನ್ನಿಸಿತು.

ನನ್ನ ತಿದ್ದುಪಡಿಯ ಹಾಳೆ ಹಿಡಿದು ಅತ್ತೆ ಓದುವುದು, ನಾನು ಕಂಪ್ಯೂಟರಿನಲ್ಲಿ ಹೊಡೆಯುವುದು ಎಂದಾಯಿತು. ಅತ್ತೆ ಜಗಳೂರಿನವರು, ಏಳನೇ ಕ್ಲಾಸು ಓದಿದವರು, ಗಂಟಲು ಖಣಿ ಖಣಿ. ಆದರೆ ಗಂಡನ ಹೆಸರು ಹೇಳುವವರಲ್ಲ. ಮದುವೆಯಲ್ಲಿ ಹೇಳು ಹೇಳು ಎಂದು ನಾದಿನಿಯರು ಬಾಗಿಲು ಅಡ್ಡಗಟ್ಟಿದಾಗಲೂ ಬಾಯಿ ಬಿಟ್ಟಿರಲಿಲ್ಲವಂತೆ. ಅದೇ ಹೆಸರಿನ ಕಿರಾಣಿಯವರು ಇವರ ಬಾಯಲ್ಲಿ "ಮೂಲೆ ಅಂಗಡಿಯೋರು". ಪರ್ಯಾಯ ಪದದ ಕಸುಬಿನಲ್ಲಿ ನಾನು ಅವರ ಮುಂದೆ ನಿನ್ನೆ ಮೊನ್ನೆಯವಳು.

ಇದು ಗೊತ್ತಿದ್ದೂ ನನಗೆ ಹೊಳೆಯಲಿಲ್ಲ. 'ಆಕರ್ಷಣೆ'ಯನ್ನು 'ಸೆಳೆತ' ಮಾಡಿ ಮಾವನ ಒಪ್ಪಿಗೆ ಪಡೆದ ಖುಷಿಯಲ್ಲಿದ್ದೆ. ಕಿವಿಗೆ ಬಿದ್ದದ್ದನ್ನು ಬೆರಳು ಹೊಡೆಯಿತು. ಹೆಸರಿನ ಬದಲು ಅತ್ತೆ ಮಾವನಿಗೆ ಹೇಳುವ ಮಾತುಗಳು ಮನೆಯಲ್ಲಿ ದಿನಾ ಕೇಳುವಂಥವೇ ಆದ್ದರಿಂದ ಒಂದೂ ಚುಚ್ಚಲಿಲ್ಲ. ವಾಟ್ಸಾಪಿನಲ್ಲಿ ಪ್ರೆಸ್ಸಿಗೆ ಕಳಿಸಿ ನಿರಾಳವಾಗಿ ಟೀ ಕುಡಿದೆ.

ಪ್ರೂಫ್ ಬಂತು. ಮಾವ ಕನ್ನಡಕ ಏರಿಸಿ ಜೋರಾಗಿ ಓದತೊಡಗಿದರು. "ನಮ್ಮ ಮನೆಯವರು ವಿದ್ಯುತ್ಕಾಂತತೆಯನ್ನು ಸರಳವಾಗಿ ಬಿಡಿಸಿ ಹೇಳಿದ್ದಾರೆ. ಆಯಸ್ಕಾಂತದ ಸೆಳೆತವನ್ನು ಕುರಿತು ಹುಡುಗರ ಅಪ್ಪ ಬರೆದ ಅಧ್ಯಾಯ ಸೊಗಸಾಗಿದೆ. ಅಲೆಗಳ ವಿಷಯದಲ್ಲಂತೂ ಇವರದು ಎತ್ತಿದ ಕೈ."

ನನ್ನ ಗಂಡ ಸೋಫಾದಿಂದ ಕೆಳಗೆ ಜಾರಿ ನಕ್ಕರು. ನಾನು ನಗಲು ಹೆದರಿದೆ. ಹೊನ್ನಾಳಿಯಲ್ಲಿ ಹಳೆಯ ವಿದ್ಯಾರ್ಥಿಗಳೇ ಬಿಡುಗಡೆಯ ಸಮಾರಂಭ ಇಟ್ಟುಕೊಂಡಿದ್ದರು. ರಟ್ಟು ಹಾಗೇ ಅಚ್ಚಾಗಿದ್ದರೆ ಏನು ಗತಿ? ಮಾವನ ಮುಖ ಸಣ್ಣಗಾಗಿತ್ತು.

"ಏ ಇವಳೇ, ಬಾ ಇಲ್ಲಿ" ಎಂದು ಅತ್ತೆಯನ್ನು ಕರೆದು ಕೆಂಪು ಪೆನ್ನು ಮುಂದಿಟ್ಟರು. "ನೀನು ತೆಗ್ದಿದ್ದು, ನೀನೇ ತುಂಬು."

ನಾನು ತಿದ್ದುತ್ತೇನೆ ಎಂದೆ. ಅತ್ತೆ ಕೇಳಲಿಲ್ಲ. ಸೆರಗಿಗೆ ಕೈ ಒರೆಸಿಕೊಂಡು ಕೂತರು. "ಹೇಳಬಾರ್ದು ಅಂತ ಐತೆ. ಬರೀಬಾರ್ದು ಅಂತ ಯಾರೂ ಹೇಳಿಲ್ಲ" ಎಂದು 'ನಮ್ಮ ಮನೆಯವರು' ಹೊಡೆದು ಮೇಲೆ ಹೆಸರು ಬರೆದರು. 'ಹುಡುಗರ ಅಪ್ಪ' ಹೊಡೆದು ಬರೆದರು. 'ಇವರದು' ಹೊಡೆದೂ ಬರೆದರು. ಮಾವ ಬೆನ್ನ ಹಿಂದೆ ನಿಂತು ನೋಡುತ್ತಿದ್ದರು.

ಅತ್ತೆ ಅಲ್ಲಿಗೆ ಬಿಡಲಿಲ್ಲ. ಪ್ರೂಫಿನ ಕಟ್ಟನ್ನು ತಿರುವಿ, ಒಳಗೆ ಮೊದಲ ಪುಟಗಳಲ್ಲಿದ್ದ ಅರ್ಪಣೆಯ ಹಾಳೆ ತೆಗೆದರು. 'ಬಾಳ ಸಂಗಾತಿಗೆ' ಎಂದಷ್ಟೇ ಇತ್ತು.

"ಇದ್ಯಾರ್ರೀ?" ಎಂದು ಕೇಳಿ ಪೆನ್ನನ್ನು ಮಾವನ ಕಡೆ ನೂಕಿದರು.

ಮಾವ ಒಂದು ಸಲ ಕೆಮ್ಮಿದರು. ಆಮೇಲೆ ಕೂತು ಆ ಎರಡು ಪದ ಹೊಡೆದು ಬರೆದರು. ಅತ್ತೆ ಹಾಳೆಯನ್ನು ಕಿಟಕಿಯ ಬೆಳಕಿಗೆ ಹಿಡಿದು, ಮನೆಯವರಿಗೆಲ್ಲ ಕೇಳುವ ಹಾಗೆ, ತಮ್ಮ ಹೆಸರನ್ನು ತಾವೇ ಓದಿಕೊಂಡರು.