ಹನ್ನೆರಡು ಹೋಟೆಲ್, ನಾಲ್ಕು ಆನೆ

‘ಕ್ವಾಣ ಈದ ದಿನ ನಮ್ಮ ಮನ್ಯಾಗ ಡಿಗ್ರಿ ಬರತೈತಿ’ ಎಂದವರು ನಮ್ಮ ದೊಡ್ಡಪ್ಪ. ಒಂದು ಸಲ ಅಲ್ಲ. ನಾನು ಪಿಯುಸಿ ಪಾಸಾದಾಗ ಒಮ್ಮೆ, ಚಿಕ್ಕೋಡಿಯ ಕಾಲೇಜಿಗೆ ಅರ್ಜಿ ತುಂಬಿದಾಗ ಒಮ್ಮೆ, ಹಾಸ್ಟೆಲ್ಲಿಗೆ ಟ್ರಂಕು ಹೊತ್ತು ಬಸ್ಸು ಹತ್ತಿದಾಗ ಎಲ್ಲರೆದುರು ಇನ್ನೊಮ್ಮೆ. ಕಂಡಕ್ಟರ್ ಕೂಡ ನಕ್ಕ. ದೊಡ್ಡಪ್ಪ ಕೆಟ್ಟವರಲ್ಲ. ರಾಯಬಾಗ ತಾಲೂಕಿನ ನಮ್ಮ ಹಳ್ಳಿಯಲ್ಲಿ ಒಂಬತ್ತು ಜನರ ಮನೆಗೆ ಯಜಮಾನರು. ನಾಲ್ಕು ಎಕರೆ ಕಬ್ಬು, ಎರಡು ಎಮ್ಮೆ, ಹದಿನೆಂಟು ಕುರಿ ಮತ್ತು ನಾವು, ಎಲ್ಲವನ್ನೂ ಒಂದೇ ದನಿಯಲ್ಲಿ ಆಳುತ್ತಿದ್ದರು. ನನಗಿಂತ ಮೊದಲು ನಮ್ಮ ಮನೆತನದಲ್ಲಿ ಹತ್ತನೇ ದಾಟಿದವರೇ ಇರಲಿಲ್ಲ. ಇಲ್ಲದ್ದನ್ನು ಇಲ್ಲ ಎಂದರೆ ಅದರಲ್ಲಿ ಕುಹಕವೇನು ಬಂತು ಎಂಬುದು ಅವರ ವಾದ.

ಈಗ ನಾನು ಕರೆಂಟ್ ಬಿಲ್ಲಿನ ತಕರಾರು ಅರ್ಜಿಗೂ ಹೆಸರಿನ ಮುಂದೆ ಬಿ.ಎ. ಎಂದು ಬರೆಯುತ್ತೇನೆ. ಹೇಗೆ ಗಳಿಸಿದೆ ಎಂದು ಯಾರಾದರೂ ಕೇಳಿದರೆ ‘ಓದಿ’ ಅನ್ನುತ್ತೇನೆ. ಅದು ಮುಕ್ಕಾಲು ನಿಜ. ಉಳಿದ ಕಾಲು ಭಾಗ ಒಂದು ಯಾದಿಯ ಕೃಪೆ.

ನಮ್ಮ ಕಡೆ ಯಾದಿ ಎಂದರೆ ಪಟ್ಟಿ. ಕಿರಾಣಿ ಯಾದಿ ಇರುತ್ತದೆ, ಮತದಾರರ ಯಾದಿ ಇರುತ್ತದೆ. ಆದರೆ ಲಗ್ನದ ಮಾತು ನಡೆದಿರುವ ಮನೆಯಲ್ಲಿ ಬರೀ ‘ಯಾದಿ’ ಎಂದರೆ ಅರ್ಥ ಒಂದೇ. ಎರಡೂ ಕಡೆಯವರು ಕೂತು, ಯಾರು ಏನು ಕೊಡುವುದು, ಯಾರು ಏನು ತರುವುದು ಎಂದು ಬರೆದು, ಅರಿಷಿಣ ಕುಂಕುಮ ಹಚ್ಚುವ ಕಾಗದ ಅದು. ಯಾದಿ ಆಯಿತೆಂದರೆ ಅರ್ಧ ಲಗ್ನ ಆದ ಹಾಗೆ. ನಮ್ಮ ಮನೆಯಲ್ಲಂತೂ ಯಾದಿಯಾದ ಹುಡುಗಿ ಲಗ್ನದ ತನಕ ಊರ ಸೀಮೆ ದಾಟುವಂತಿರಲಿಲ್ಲ.

ನನ್ನ ಕೊನೆಯ ಸೆಮಿಸ್ಟರಿನ ಆರು ಪೇಪರಿನಲ್ಲಿ ಮೂರು ಮುಗಿದಿದ್ದವು. ನಡುವೆ ನಾಲ್ಕು ದಿನ ರಜೆ ಇತ್ತೆಂದು ಊರಿಗೆ ಬಂದೆ. ಬಂದರೆ ಬೋರಗಾಂವದ ಒಂದು ವರ ಗಟ್ಟಿಯಾಗಿತ್ತು. ಎಂಟು ಪವರ್‌ಲೂಮ್ ಮಗ್ಗದ ಮನೆ. ಯಾದಿ ರವಿವಾರಕ್ಕೆ. ನನ್ನ ನಾಲ್ಕನೇ ಪೇಪರು ಸೋಮವಾರ.

‘ದೊಡ್ಡಪ್ಪಾ, ಇನ್ನ ಮೂರs ಪೇಪರ್ ಅದಾವ್ರಿ. ಎಂಟ ದಿನ ತಡೀರಿ.’

‘ಬಂದ ವರ ಅಂದ್ರ ಬಸ್ ಅಲ್ಲ ಬೇ, ಇದ ಹ್ವಾದ್ರ ಇನ್ನೊಂದ ಬರತೈತಿ ಅನ್ನಾಕ.’

ಅಪ್ಪ ಕಬ್ಬು ಕಡಿಯುವ ಗ್ಯಾಂಗಿನ ಜೊತೆ ಶಿರಗುಪ್ಪಿ ಕಡೆ ಹೋಗಿದ್ದ. ಅವ್ವ ಮೂರು ವರ್ಷ ಬೀಡಿ ಕಟ್ಟಿ ನನ್ನ ಬಸ್ ಪಾಸು, ಪುಸ್ತಕ, ಪರೀಕ್ಷಾ ಫೀ ನೋಡಿಕೊಂಡವಳು. ಬೀಡಿ ಎಲೆ ಕತ್ತರಿಸುತ್ತ ಕತ್ತರಿಯ ಸದ್ದು ಸ್ವಲ್ಪ ಜೋರು ಮಾಡಿದಳು. ನಾನು ಒಳಗಿನ ಕೋಣೆಗೆ ಹೋಗಿ ಇತಿಹಾಸದ ನೋಟ್ಸು ತೆಗೆದೆ. ಒಂದಕ್ಷರವೂ ತಲೆಗೆ ಹತ್ತಲಿಲ್ಲ. ಕೈ ಮೊಬೈಲಿಗೆ ಹೋಯಿತು.

ಇಲ್ಲಿ ಟ್ರಂಕಿನ ವಿಷಯ ಹೇಳಬೇಕು. ಹಾಸ್ಟೆಲ್ಲಿನಲ್ಲಿ ಸಂಜೆಯಾಯಿತೆಂದರೆ ವಾರ್ಡನ್ ಬಾಯಿಯವರು ಎಲ್ಲರ ಮೊಬೈಲು ಇಸಿದುಕೊಂಡು ಕಪಾಟಿನಲ್ಲಿಟ್ಟು ಕೀಲಿ ಹಾಕುತ್ತಿದ್ದರು. ನಮ್ಮ ಕೋಣೆಯಲ್ಲಿ ನಾವು ನಾಲ್ವರು. ಒಬ್ಬಳು ಅಥಣಿಯವಳು, ಒಬ್ಬಳು ನಿಪ್ಪಾಣಿಯವಳು, ಒಬ್ಬಳು ಕಾಗವಾಡದವಳು, ನಾಲ್ಕನೆಯವಳು ನಾನು. ಮೊಬೈಲಿಲ್ಲದ ಸಂಜೆಗಳಿಗೆ ಆಟ ಕೂಡಿಸತೊಡಗಿದೆವು. ನಿಪ್ಪಾಣಿಯ ಗುಜರಿ ಅಂಗಡಿಯಿಂದ ತೂಕಕ್ಕೆ ತಂದ ಚದುರಂಗ. ಕಾಗವಾಡದವಳ ಮಾವನ ಮಕ್ಕಳು ಆಡಿ ಬಿಟ್ಟ, ಊರು ಕೊಂಡು ಮನೆ ಹೋಟೆಲ್ ಕಟ್ಟುವ ವ್ಯಾಪಾರದ ಆಟ. ಶಾಲೆಯ ಚೀಲದ ಜೊತೆ ಪುಕ್ಕಟೆ ಬಂದ ಹಾವು ಏಣಿ. ಅವ್ವ ಹಳೇ ಖಣದ ಅರಿವೆಯ ಮೇಲೆ ದಾರದಿಂದ ಇಪ್ಪತ್ತೈದು ಮನೆ ಹೊಲಿದುಕೊಟ್ಟ ಚೌಕಾಬಾರಾ. ಮೂರು ವರ್ಷದಲ್ಲಿ ಹನ್ನೊಂದು ಆಟ ಆದವು. ಎಲ್ಲ ನನ್ನ ಟ್ರಂಕಿನಲ್ಲಿ, ಯಾಕೆಂದರೆ ಕೀಲಿ ಇದ್ದ ಟ್ರಂಕು ನನ್ನದೊಂದೇ.

ಪರೀಕ್ಷೆ ಮುಗಿದರೆ ಹಾಸ್ಟೆಲ್ ಬಿಡಬೇಕು. ಯಾವ ಆಟ ಯಾರಿಗೆ? ನಾನು ಯಾದಿ ಮಾಡಿ ಕಳಿಸುವುದು, ಅವರು ನೋಡಿ ಬೇಕಾದದ್ದು ಹೇಳುವುದು ಎಂದು ಮಾತಾಗಿತ್ತು. ಆಟದ ಹೆಸರು ಬರೆಯುವ ಅಗತ್ಯವಿರಲಿಲ್ಲ, ನಾಲ್ವರಿಗೂ ಬಾಯಿಪಾಠ. ಜಗಳ ಹತ್ತುತ್ತಿದ್ದುದೆಲ್ಲ ಕಾಯಿಗಳ ಸಲುವಾಗಿ. ಹಾಗಾಗಿ ಕಾಯಿಗಳನ್ನೇ ಬರೆದೆ. ಅಕ್ಷರ ದುಂಡಗಿವೆಯೆಂದು ವಾರ್ಡನ್ ಬಾಯಿ ನನ್ನ ಕೈಯಲ್ಲಿ ಹಾಸ್ಟೆಲ್ಲಿನ ಸಾಮಾನಿನ ಲೆಕ್ಕದ ಡೆಡ್ ಸ್ಟಾಕ್ ರಜಿಸ್ಟರ್ ಬರೆಸುತ್ತಿದ್ದರು. ಅದೇ ಧಾಟಿ ಬಂತು: ವಸ್ತು, ಎಷ್ಟು, ಕೊನೆಗೆ ಷರಾ ಎಂಬ ಟಿಪ್ಪಣಿ.

ನಮ್ಮ ನಾಲ್ವರ ವಾಟ್ಸಾಪ್ ಗುಂಪಿನ ಹೆಸರು ‘ಇಪ್ಪತ್ತೈದು ಮನಿ’. ಕುಟುಂಬದ ಗುಂಪಿನ ಹೆಸರು ‘ನಮ್ಮ ಮನಿ’. ಲಗ್ನದ ಮಾತು ಶುರುವಾದ ಮೇಲೆ ವರನ ಕಡೆಯ ಮಧ್ಯಸ್ಥರನ್ನೂ ಕುಟುಂಬದ ಗುಂಪಿಗೆ ಸೇರಿಸಿದ್ದರು. ನಾನು ‘ಮನಿ’ ಎಂದು ಹುಡುಕಿದೆ, ಮೇಲೆ ಬಂದದ್ದನ್ನು ಒತ್ತಿದೆ, ಕಳಿಸಿದೆ, ನೋಟ್ಸಿಗೆ ಮರಳಿದೆ.

ಸ್ವಲ್ಪ ಹೊತ್ತಿಗೆ ಪಡಸಾಲೆಯಿಂದ ದೊಡ್ಡವ್ವನ ದನಿ ಕೇಳಿತು. ದೊಡ್ಡಪ್ಪನಿಗೆ ಓದು ಬಾರದು. ದೊಡ್ಡವ್ವ ನಾಲ್ಕನೇ ಇಯತ್ತೆ ತನಕ ಕಲಿತವಳು. ಬಂದ ಮೆಸೇಜನ್ನೆಲ್ಲ ಪುರಾಣ ಓದಿದ ಹಾಗೆ ನಿಧಾನವಾಗಿ ಓದಿ ಹೇಳುವುದು ಅವಳ ಕೆಲಸ. ಮೊಬೈಲು ಹೊಸದು. ಅದರಲ್ಲಿ ಇನ್ನೂ ಯಾರ ಹೆಸರೂ ಕೂರಿಸಿರಲಿಲ್ಲ, ಬರೀ ನಂಬರು ಕಾಣುತ್ತಿತ್ತು.

‘ಏನ್ರಿ, ಯಾದಿ ಬಂದೈತ್ರಿ.’

‘ಬೋರಗಾಂವದಿಂದ? ಓದ ಓದ. ಬಾಯಿಲೆ ಮಾತಾಡೋದ ಬಿಟ್ಟ ಮೊಬೈಲ್‌ನ್ಯಾಗ ಕಳಸ್ಯಾರಂದ್ರ ಏನೋ ಐತಿ.’

‘ಯಾದಿ ಕಳಿಸೇನಿ. ಎಲ್ಲಾರೂ ನೋಡ್ಕೊಂಡ ಹೇಳ್ರಿ. ಕೊಡೂದು ತಗೊಳ್ಳೂದು ಆಮ್ಯಾಲ ಮಾತಾಡೂಣು.’ ದೊಡ್ಡವ್ವ ಉಸಿರು ತಗೊಂಡಳು. ‘ಆನಿ ನಾಕು.’

‘ಏನು?’

‘ಆನಿ ನಾಕ್ರಿ. ಎರಡ ಕರೀವು, ಎರಡ ಬಿಳೇವು.’

ನಾನು ನೋಟ್ಸು ಬದಿಗಿಟ್ಟು ಮೊಬೈಲು ನೋಡಿದೆ. ಯಾದಿ ಹೋದದ್ದು ‘ನಮ್ಮ ಮನಿ’ಗೆ.

‘ಒಂಟಿ ನಾಕು. ಕುದರಿ ಮೂರು. ನಾಕನೇ ಕುದರಿ ಬದಲಿ ಅಂಗಿ ಗುಂಡಿ ನಡಿತೈತಿ.’

‘ನಡಿತೈತಂತ? ದೊಡ್ಡ ಉಪಕಾರ ಮಾಡಿದ್ರು. ಮುಂದ?’

‘ಮನಿ ಮೂವತ್ತೆರಡು. ಹೋಟೆಲ್ ಹನ್ನೆರಡು.’

‘ಎಂಟ ಮಗ್ಗ ಇಟಗೊಂಡ ಮಕ್ಕಳಿಗೆ ಹನ್ನೆರಡ ಹೋಟೆಲ್ ಬೇಕಾ?’

‘ಹಾವು ಎಂಟು.’

‘ಹಾವು ಯಾಕಂತ?’

‘ಬರದಿಲ್ರಿ. ಏಣಿನೂ ಎಂಟ ಅದಾವ. ಕಡೀಕ, ಚೌಕಾಬಾರಾ ಅರವಿ ಒಂದು, ಕವಡಿ ನಾಕು, ಮುಂದ ಕೊಡೂದಿಲ್ಲ ಅಂತ ಬರದಾರ.’

‘ನೋಡ. ನಮ್ಮ ಕಡಿಂದ ಆನಿ ಬೇಕು. ಅವರು ನಾಕ ಕವಡಿ ಸೈತ ಕೊಡೂದಿಲ್ಲ.’

ತಲೆ ತಣ್ಣಗಿದ್ದಿದ್ದರೆ ದೊಡ್ಡಪ್ಪ ಒಂದು ಸಲವಾದರೂ ಯೋಚಿಸುತ್ತಿದ್ದರೇನೋ. ಆದರೆ ಬೀಗರ ಕಡೆಯ ಯಾದಿಯನ್ನು ತಲೆ ತಣ್ಣಗಿಟ್ಟು ಕೇಳಿದ ಹೆಣ್ಣಿನ ಕಡೆಯವರು ನಮ್ಮ ಸೀಮೆಯಲ್ಲಿ ಯಾರಿದ್ದಾರೆ? ಎಷ್ಟೋ ಯಾದಿಗಳಲ್ಲಿ ಬಂಗಾರ, ಗಾಡಿ, ಪ್ಲಾಟು ನೋಡಿದವರಿಗೆ ಆನೆ ಅಂಥ ದೂರದ್ದೇನೂ ಅನ್ನಿಸಲಿಲ್ಲ. ನನಗೆ ಹೇಳುತ್ತಿದ್ದ ಕೋಣದ ಕರುವನ್ನು ಅವತ್ತು ಅವರೇ ಕೊಟ್ಟಿಗೆಗೆ ಕಟ್ಟಿದರು.

ನಾನು ಎದ್ದು ಹೊರಗೆ ಬಂದು ‘ಅದ ನಂದ್ರಿ’ ಎನ್ನಬಹುದಿತ್ತು. ಹತ್ತು ಹೆಜ್ಜೆ ದೂರ. ಬಾಗಿಲ ತನಕ ಬಂದೆ ಕೂಡ. ಅವ್ವ ಎಲೆ ಕತ್ತರಿಸುವುದನ್ನು ನಿಲ್ಲಿಸಿ ನನ್ನ ಕಡೆ ನೋಡಿದಳು. ಅವಳಿಗೆ ತಾನು ಹೊಲಿದ ಚೌಕಾಬಾರಾ ಗುರುತು ಸಿಕ್ಕಿತ್ತು. ಮತ್ತೆ ಕತ್ತರಿ ಹಿಡಿದಳು. ನಾನು ಒಳಗೆ ಹೋಗಿ ಮೆಸೇಜು ಅಳಿಸಿದೆ. ಎಲ್ಲರಿಗೂ ಅಳಿಸುವ ಗುಂಡಿ ಇರುತ್ತದಲ್ಲ, ಅದನ್ನೇ ಒತ್ತಿದೆ.

‘ಅಯ್ಯ, ಇದೇನ್ರಿ, ಹ್ವಾತು,’ ಎಂದಳು ದೊಡ್ಡವ್ವ. ‘ಈ ಸಂದೇಶವನ್ನು ಅಳಿಸಲಾಗಿದೆ, ಅಂತ ಬಂತ್ರಿ.’

‘ಅಳಸ್ಯಾರ. ಪುರಾವೆ ಸಿಗಬಾರದಂತ ಅಳಸ್ಯಾರ. ಹಚ್ಚ ಫೋನು.’

ಮಧ್ಯಸ್ಥರ ಮಾತು ಸ್ಪೀಕರಿನಲ್ಲಿ ಇಡೀ ಓಣಿಗೆ ಕೇಳುತ್ತಿತ್ತು. ‘ನಾನ ಏನೂ ಕಳಿಸಿಲ್ರಿ ಯಜಮಾನ್ರ. ಯಾವ ಆನಿ?’

‘ಕರೇವ ಎರಡು, ಬಿಳೇವ ಎರಡು. ನಮ್ಮ ಊರಾಗ ಕಬ್ಬ ಐತಿ ಅಂತ ಆನಿ ಸಾಕಾಕ ಹೊಂಟೀರಿ?’

‘ನೀವು ಮುಂಜಾನಿ ಏನರ ತಗೊಂಡೀರೇನ್ರಿ?’

ಅಲ್ಲಿಗೆ ರವಿವಾರದ ಯಾದಿ ಮುರಿಯಿತು.

ಹೊತ್ತು ಮುಳುಗುವ ಮುಂಚೆ ಅಥಣಿಯವಳ ಫೋನು ಬಂತು. ‘ಯಾದಿ ಎಲ್ಲೈತಿ ಲೇ? ದಾರಿ ನೋಡಾಕತ್ತೀವಿ.’ ನಾನು ಪಿಸುದನಿಯಲ್ಲಿ ಎಲ್ಲ ಹೇಳಿದೆ. ಅತ್ತ ಬಿಕ್ಕಿದ ಸದ್ದು ಬಂತು. ಅಳುತ್ತಾಳೇನೋ ಅಂದುಕೊಂಡೆ. ‘ಹಂಗಾರ ನಿನ್ನ ವರದಕ್ಷಿಣಿ ನಾವs ಹಂಚಕೋತೀವಿ,’ ಎಂದಳು. ‘ಹೋಟೆಲ್ ನನಗ.’ ಈ ಸಲ ಯಾದಿಯನ್ನು ಸರಿಯಾದ ಗುಂಪಿಗೆ ಕಳಿಸಿದೆ. ನಿಪ್ಪಾಣಿಯವಳು ಆನೆ ಕುದುರೆ ಕೇಳಿದಳು. ಕಾಗವಾಡದವಳು ಹಾವು ಇಟ್ಟುಕೊಂಡಳು, ಅವರ ಮನೆಯಲ್ಲಿ ಸಣ್ಣ ಮಕ್ಕಳಿವೆ. ಚೌಕಾಬಾರಾ ಯಾರೂ ಕೇಳಲಿಲ್ಲ, ಷರಾ ಓದಿದ್ದರು.

ಸೋಮವಾರ ಬೆಳಗಿನ ಬಸ್ಸಿಗೆ ದೊಡ್ಡಪ್ಪನೇ ನನ್ನನ್ನು ಹತ್ತಿಸಿದರು. ‘ಬರದ ಬಾ. ಆ ಮಕ್ಕಳಿಗೆ ತೋರಸೂಣು’ ಎಂದರು. ಮೂರು ಪೇಪರೂ ಬರೆದೆ. ಸಮಾಧಾನದಿಂದ ಬರೆದೆ ಎಂದರೆ ಸುಳ್ಳಾದೀತು. ಪ್ರತಿ ಸಲ ಉತ್ತರ ಪತ್ರಿಕೆಯಲ್ಲಿ ‘ಆನೆ’ ಬಂದಾಗ ಬೋರಗಾಂವದವರು ನೆನಪಾಗುತ್ತಿದ್ದರು, ಮತ್ತು ಆ ಇತಿಹಾಸದ ಪೇಪರಿನಲ್ಲಿ ಯುದ್ಧಗಳು ಬಹಳ ಇದ್ದವು.

ಕೊನೆಯ ಪೇಪರು ಮುಗಿಸಿ ಟ್ರಂಕು ಹೊತ್ತು ಮನೆಗೆ ಬಂದೆ. ದೊಡ್ಡಪ್ಪನಿಗೆ ತೋರಿಸಿ ಕಳಿಸುತ್ತೇನೆಂದು ಗೆಳತಿಯರ ಪಾಲಿನ ಆಟಗಳನ್ನೂ ಕೇಳಿ ತಂದಿದ್ದೆ. ದೊಡ್ಡಪ್ಪ ಕಟ್ಟೆಯ ಮೇಲೆ ಚಹಾ ಕುಡಿಯುತ್ತಿದ್ದರು. ಅವರ ಮುಂದೆ ಟ್ರಂಕು ತೆರೆದೆ.

‘ದೊಡ್ಡಪ್ಪಾ, ಅವತ್ತಿನ ಯಾದಿ ಸಾಮಾನ ತಂದೇನ್ರಿ.’

ಒಂದೊಂದೇ ಇಟ್ಟೆ. ಆನೆ ನಾಲ್ಕು. ಒಂಟೆ ನಾಲ್ಕು. ಕುದುರೆ ಮೂರು, ಅದರ ಪಕ್ಕ ಅಂಗಿ ಗುಂಡಿ. ಹಾವಿನ ಹಲಗೆ ಬಿಚ್ಚಿದೆ. ಹಸಿರು ಮನೆಗಳನ್ನು ಸಾಲಾಗಿ ಹಚ್ಚಿದೆ, ಕೆಂಪು ಹೋಟೆಲ್‌ಗಳನ್ನು ಅವುಗಳ ಮುಂದೆ. ಅವರು ಒಂದು ಹೋಟೆಲನ್ನು ಎತ್ತಿ ಬೆರಳಿನ ತುದಿಯ ಮೇಲೆ ಇಟ್ಟುಕೊಂಡರು. ಕಡಲೆ ಕಾಳಿಗಿಂತ ಸ್ವಲ್ಪ ದೊಡ್ಡದು.

‘ಇದ ಹೋಟೆಲ್?’

‘ಹೌದ್ರಿ.’

ಅದನ್ನು ಮರಳಿ ಸಾಲಿಗೆ ಇಟ್ಟರು. ಆಮೇಲೆ ಎಲ್ಲವನ್ನೂ ಎಣಿಸಿದರು, ಕುರಿ ಎಣಿಸುವ ಹಾಗೆ ತೋರುಬೆರಳು ಚಾಚಿ.

‘ಹನ್ನೊಂದ ಅದಾವ.’

‘ಒಂದ ಅಥಣಿಯಾಕಿ ಕಳದಾಳ್ರಿ.’

‘ಯಾದ್ಯಾಗ ಹನ್ನೆರಡ ಇದ್ದುವು.’

‘ಹೌದ್ರಿ.’

‘ಅಂದ್ರ ಸುಳ್ಳ ಯಾದಿ.’

ಬೈಗುಳ ಅಷ್ಟೇ. ಚಹಾದ ಬಟ್ಟಲು ಕೆಳಗಿಟ್ಟು ‘ಮುಂಜಾನಿ ಬೋರಗಾಂವಕ್ಕ ನಡಿ’ ಎಂದು ಎದ್ದು ಹೋದರು.

ಬೋರಗಾಂವದ ಆ ಮನೆಯಲ್ಲಿ ಎಂಟೂ ಮಗ್ಗ ನಡೆದಿದ್ದವು. ಪಕ್ಕದಲ್ಲಿ ನಿಂತವರ ಮಾತೂ ಕೇಳುತ್ತಿರಲಿಲ್ಲ. ವರನ ಅಪ್ಪ ನೂಲು ಕಟ್ಟುತ್ತ ನಮ್ಮ ಕಡೆ ನೋಡಿದರು, ಬರ್ರಿ ಅನ್ನಲಿಲ್ಲ. ನಾನು ಮುಂದೆ ಹೋಗಿ ‘ತಪ್ಪಾತ್ರಿ’ ಎಂದೆ. ಕಿವಿಗೆ ಕೈ ಹಚ್ಚಿ ‘ಏನು?’ ಎಂದರು. ಕೂಗಿದೆ. ‘ಏನು?’ ಎಂದರು. ಇನ್ನೂ ಜೋರಾಗಿ ಕೂಗುವುದಕ್ಕೂ ಅವರು ಕರೆಂಟು ಬಂದ್ ಮಾಡುವುದಕ್ಕೂ ಸರಿಹೋಯಿತು. ‘ಆನಿ ನಮ್ಮವ್ರೀ’ ಎಂಬ ನನ್ನ ದನಿ ಮೂರು ಓಣಿಗೆ ಕೇಳಿತು.

ಎಲ್ಲವನ್ನೂ ಹೇಳಿದೆ. ಸುಮ್ಮನಿದ್ದದ್ದು ಬೇಕಂತಲೇ ಎಂಬುದನ್ನೂ ಹೇಳಿದೆ. ವರನ ಅವ್ವ ಸೆರಗು ಬಾಯಿಗೆ ಹಿಡಿದು ನಕ್ಕರು. ಆಮೇಲೆ ಅವರು ಅಂದದ್ದು ನನಗಿಂತ ದೊಡ್ಡಪ್ಪನಿಗೆ ನಾಟಿತು.

‘ಅಲ್ರಿ, ಪರೀಕ್ಷಾ ಐತಿ ಅಂತ ಒಂದ ಮಾತ ಹೇಳಿದ್ರ ನಾವs ತಡೀತಿದ್ವಿ. ಯಾರೂ ಹೇಳಲಿಲ್ಲಲ್ಲ.’

ಹೊರಳಿ ಬರುವಾಗ ಬಸ್ಸಿನಲ್ಲಿ ದೊಡ್ಡಪ್ಪ ಕಿಟಕಿಯಾಚೆ ನೋಡುತ್ತ ಕೂತಿದ್ದರು. ಚಿಕ್ಕೋಡಿ ದಾಟಿದ ಮೇಲೆ, ನನಗಲ್ಲ ಎಂಬಂತೆ, ‘ಕೇಳಬೇಕಾಗಿತ್ತು’ ಎಂದರು. ಆ ಹುಡುಗನ ಲಗ್ನ ಮುಂದೆ ಬೇರೆ ಕಡೆ ಆಯಿತು. ನಮಗೂ ಕಾರ್ಡು ಬಂತು. ನಾನು ಹೋಗಿ ಹೊಟ್ಟೆ ತುಂಬ ಉಂಡೆ.

ಪದವಿ ಪತ್ರ ಬರುವುದಕ್ಕೆ ಬಹಳ ತಿಂಗಳು ಹಿಡಿಯಿತು. ಕಾಲೇಜಿನ ಆಫೀಸಿನಲ್ಲಿ ಸಹಿ ಮಾಡಿ ಇಸಿದುಕೊಂಡೆ. ಬಸ್ಸಿನಲ್ಲಿ ಮಡಿಚದೆ ಎದೆಗೆ ಅವಚಿಕೊಂಡು ತಂದೆ. ಮೊದಲು ಅವ್ವನ ಮುಂದೆ ಹಿಡಿದೆ. ಕೈಗೆ ತಂಬಾಕಿನ ಪುಡಿ ಹತ್ತಿದೆಯೆಂದು ಅವಳು ಮುಟ್ಟಲಿಲ್ಲ. ಗದ್ದದಿಂದ ಕೊಟ್ಟಿಗೆಯ ಕಡೆ ತೋರಿಸಿದಳು.

ದೊಡ್ಡಪ್ಪ ಎಮ್ಮೆಗೆ ಕಬ್ಬಿನ ವಾಡೆ ಹಾಕುತ್ತಿದ್ದರು. ಕೈಯನ್ನು ಧೋತರಕ್ಕೆ ಎರಡೆರಡು ಸಲ ಒರೆಸಿಕೊಂಡು ಪತ್ರ ಹಿಡಿದರು. ದೊಡ್ಡವ್ವನನ್ನು ಕರೆದರು. ಅವಳು ಅದೇ ಪುರಾಣದ ದನಿಯಲ್ಲಿ ನನ್ನ ಹೆಸರು, ಅಪ್ಪನ ಹೆಸರು, ಮನೆತನದ ಹೆಸರು, ಕಲಾ ಪದವಿ ಎಂಬುದನ್ನೆಲ್ಲ ಒಂದಕ್ಷರ ಬಿಡದೆ ಓದಿದಳು.

‘ಅಳಿಸಿದ್ದ ಏನೂ ಇಲ್ಲಲ್ಲ?’

‘ಇಲ್ರಿ. ಕೆಳಗ ಯುನಿವರ್ಸಿಟಿ ಠಸೆ ಐತಿ.’

ದೊಡ್ಡಪ್ಪ ಪತ್ರವನ್ನು ನನ್ನ ಕೈಗೆ ಕೊಡದೆ ಇನ್ನೂ ಸ್ವಲ್ಪ ಹೊತ್ತು ಹಿಡಿದುಕೊಂಡೇ ನಿಂತರು. ಎಮ್ಮೆ ಅದರ ಕಡೆ ಮೂತಿ ಚಾಚಿತು. ಮೊಳಕೈಯಿಂದ ಅದನ್ನು ಆಚೆ ತಳ್ಳಿದರು.

‘ಕ್ವಾಣ ಈದೈತಿ,’ ಎಂದರು. ‘ನಿನ್ನ ಯಾದ್ಯಾಗ ಇದನ್ನೂ ಬರಕೋ. ಷರಾದಾಗ, ಕೊಡೂದಿಲ್ಲ ಅಂತ ಹಾಕು.’