ಫೋಟೋದ ಹಿಂಬದಿ

ಶಾಂಭವಿ, ಆ ಫೋಟೋದ ಹಿಂಬದಿ ಖಾಲಿಯಿರಲಿಲ್ಲ. ಅಲ್ಲಿದ್ದ ಹೆಸರುಗಳನ್ನು ಅಳಿಸಿದವಳು ನಾನು.

ಅಮೆರಿಕ ಮರೆತವರ ಬಗ್ಗೆ ಬರೆಯುವುದು, ಸಿನಿಮಾ ಮಾಡುವುದು ನಿನ್ನ ಕೆಲಸ. ಷಿಕಾಗೋದ ಹಳೆಯ ಹೋಟೆಲೊಂದರ ಅಡುಗೆಮನೆಯಲ್ಲಿ ದುಡಿದ ಕಪ್ಪು ಹೆಂಗಸರನ್ನು ನೀನು ಹುಡುಕುತ್ತಿದ್ದೆ. ಹರೆಯದಲ್ಲಿ ಅವರ ಜೊತೆ ಪಾತ್ರೆ ತೊಳೆದಿದ್ದ ನೋರಾ, ಆಮೇಲೆ ಸಮುದ್ರ ದಾಟಿ ಇಲ್ಲಿ ಡನ್ ಲಿಯರಿ ಎಂಬ ಊರಿಗೆ ಬಂದು ನಮ್ಮ ಪಕ್ಕದ ಮನೆಯವರಾಗಿದ್ದರು. ಲಾಕ್‌ಡೌನ್ ಇತ್ತು, ನಿನ್ನೂರು ಮೇನೂತಿನಿಂದ ನೀನು ಬರುವಂತಿರಲಿಲ್ಲ. ಆ ಹೆಂಗಸರ ಫೋಟೋ ಅವರ ಬಳಿಯಿದೆ, ಇಸಿದುಕೊಂಡು ಇಟ್ಟಿರಿ ಎಂದು ನನ್ನನ್ನು ಕೇಳಿದೆ.

ನಾನು ಮೂವತ್ತು ವರ್ಷ ವಾರ್ಡ್ ಸಿಸ್ಟರ್ ಆಗಿದ್ದವಳು. ಹೊರಗಿನ ಯಾವ ವಸ್ತುವನ್ನೂ ಒರೆಸದೆ ಒಳಗೆ ಬಿಟ್ಟುಕೊಳ್ಳುತ್ತಿರಲಿಲ್ಲ. ನಮ್ಮಮ್ಮ ಬಾಳೆಹಣ್ಣಿಗೂ ಸ್ನಾನ ಮಾಡಿಸ್ತಾರೆ ಎಂದು ಮಗಳು ನಗುತ್ತಿದ್ದಳು. ನೋರಾ ಬಾಗಿಲ ಸಂದಿಯಿಂದ ಫೋಟೋ ಚಾಚಿ, ಹಿಂದೆ ಎಡದಿಂದ ಬಲಕ್ಕೆ ಐವರ ಹೆಸರೂ ಇದೆ, ತನಗೀಗ ಅಷ್ಟು ನೆನಪಿಲ್ಲ ಎಂದರು. ಕೆಮ್ಮುತ್ತಿದ್ದರು. ನನಗೆ ಆ ಕೆಮ್ಮಷ್ಟೇ ಕೇಳಿಸಿತು — ಇಲ್ಲ, ಹೆಸರಿನ ಮಾತೂ ಕೇಳಿಸಿತ್ತು.

ಸ್ಪಿರಿಟ್‌ನಲ್ಲಿ ಅದ್ದಿದ ಬಟ್ಟೆಯಿಂದ ಮುಂದೆ ಒರೆಸಿದೆ. ತಿರುಗಿಸಿ ಹಿಂದೆಯೂ ಒರೆಸಿದೆ. ನೀಲಿ ಶಾಯಿ ಬಟ್ಟೆಗೆ ಹತ್ತಿದ್ದು ಕಂಡು ಕೈ ನಿಂತಿತು. ಎರಡನೆಯ ಹೆಸರೊಂದೇ ಓದುವಂತಿತ್ತು. ಅದನ್ನು ಕಂಡರೆ ಉಳಿದವು ಎಲ್ಲಿ ಎಂದು ನೀನು ಕೇಳುವೆ... ಅದನ್ನೂ ಒರೆಸಿದೆ. ಆ ಎರಡನೆಯ ಸಲ ಒರೆಸಿದ್ದು ರೋಗಕ್ಕೆ ಹೆದರಿ ಅಲ್ಲ.

ನೋರಾರನ್ನು ಆಸ್ಪತ್ರೆಗೆ ಒಯ್ದದ್ದು ಮೂರು ದಿನದ ಮೇಲೆ. ಅಷ್ಟರೊಳಗೆ ಅವರ ಕಿಟಕಿಯಾಚೆ ನಿಂತು, ನೆನಪಿದ್ದಷ್ಟು ಹೇಳಿ ಎನ್ನಬಹುದಿತ್ತು. ಹಿಂದೆಯೇ ಬರೆದಿದೆಯಲ್ಲ, ಏಕೆ ಎಂದು ಅವರು ಕೇಳಿದ್ದರೆ — ಹಾಗಾಗಿ ಹೋಗಲಿಲ್ಲ.

ಆ ವಾರ ನೀನು ಫೋನ್ ಮಾಡಿದೆ.

"ಆಂಟಿ, ಫೋಟೋ ಹಿಂದ್ಗಡೆ ಏನಾದ್ರೂ ಬರ್ದಿದ್ಯಾ?"

"ಇಲ್ಲಮ್ಮ. ಖಾಲಿ."

"ಗ್ರ್ಯಾಂಡ್, ಪರ್ವಾಗಿಲ್ಲ ಬಿಡಿ. ಹುಷಾರಾಗಿ ಬರ್ಲಿ, ನೋರಾ ಅವ್ರನ್ನೇ ಕೇಳ್ತೀನಿ."

ನೋರಾ ಬರಲಿಲ್ಲ. ಶವಪೆಟ್ಟಿಗೆಯ ಗಾಡಿ ನಮ್ಮ ಬೀದಿಯಲ್ಲಿ ನಿಧಾನವಾಗಿ ಹೋಯಿತು. ನಾವೆಲ್ಲ ಗೇಟಿನ ಬಳಿ ದೂರ ದೂರ ನಿಂತಿದ್ದೆವು.

ನಿನ್ನ ಸಿನಿಮಾ ನೋಡಿದೆ. ಆ ಐದು ಮುಖಗಳ ಕೆಳಗೆ ಐದು ಸಲ 'ಹೆಸರು ತಿಳಿದಿಲ್ಲ' ಎಂದಿತ್ತು. ಕಡೆಯಲ್ಲಿ ನೆರವಾದವರ ಪಟ್ಟಿಯಲ್ಲಿ ನನ್ನ ಹೆಸರು, ಇನಿಷಿಯಲ್ ಸಮೇತ. ಅದನ್ನು ತೆಗೆದುಬಿಡು.

ಎಡದಿಂದ ಎರಡನೆಯವಳು, ಸೌಟು ಹಿಡಿದು ನಗುತ್ತಿರುವವಳು — ಲೂಸಿಲ್. ಉಳಿದ ನಾಲ್ವರ ಹೆಸರು ನಾನು ಓದಲೂ ಇಲ್ಲ.