ಅತ್ತೆಗೆ ಬಂಗುಡೆ ಇಲ್ಲ

“ನಿನಗೆ ಮೀನಿಲ್ಲ, ಹೋಗು!” ಎಂದು ಬೆಳ್ತಂಗಡಿಯ ಮೀನು ಮಾರುಕಟ್ಟೆಯಲ್ಲಿ ಗಿರಿಜಕ್ಕ ಬುಟ್ಟಿಗೆ ಗೋಣಿ ಮುಚ್ಚಿದರು. ಒಳಗೆ ತಾಜಾ ಬಂಗುಡೆಯ ರಾಶಿಯೇ ಇತ್ತು. ನಾನು ಕಂಗಾಲಾದೆ.

ಇದು ಇಪ್ಪತ್ತು ವರ್ಷಗಳ ಹಿಂದಿನ ಮಾತು. ಆಗ ಟಿವಿಯಲ್ಲಿ ಬರುತ್ತಿದ್ದ ಧಾರಾವಾಹಿಯಲ್ಲಿ ನನ್ನದು ಕೆಟ್ಟ ಅತ್ತೆಯ ಪಾತ್ರ. ಸೊಸೆಯನ್ನು ಸೋಮವಾರ ಕೋಣೆಯಲ್ಲಿ ಕೂಡಿಹಾಕಿದವಳು ಗುರುವಾರವಾದರೂ ಬಾಗಿಲು ತೆರೆದಿರಲಿಲ್ಲ.

“ಆ ಹುಡುಗಿಗೆ ನಾಲ್ಕು ದಿನದಿಂದ ಒಂದು ತುತ್ತು ಅನ್ನ ಇಲ್ಲ, ನಿನಗೆ ಬಂಗುಡೆಯಾ? ಮೊದಲು ಅವಳಿಗೆ ಊಟ ಹಾಕು, ಮತ್ತೆ ಬಾ.”

“ಅಕ್ಕಾ, ಬರೆದುಕೊಟ್ಟ ಹಾಗೆ ನಾವು ಮಾಡುವುದಷ್ಟೇ” ಎಂದೆ.

“ಹಾಗೆ ಬರೆದವ ಯಾರು ಮಾರಾಯ್ತಿ? ಅವನನ್ನು ಒಮ್ಮೆ ಇಲ್ಲಿಗೆ ಕರ್ಕೊಂಡು ಬಾ, ನೋಡುವ!”

ಗಿರಿಜಕ್ಕನ ಕೈಯಲ್ಲಿ ಮೀನು ಕೊಯ್ಯುವ ಕತ್ತಿ ಇತ್ತು. ಆದರೂ ಸುಳ್ಳು ಹೇಳಲು ಬಾಯಿ ಬರಲಿಲ್ಲ. “ಬರೆಯುವುದೂ ನಾನೇ” ಎಂದುಬಿಟ್ಟೆ. ಅವರೊಬ್ಬರನ್ನು ಬಿಟ್ಟು ಇಡೀ ಮಾರುಕಟ್ಟೆ ನಕ್ಕಿತು. ಅಂದು ನಮ್ಮ ಮನೆಯಲ್ಲಿ ಸೌತೆಕಾಯಿ ಸಾಂಬಾರು.

ಮನೆಗೆ ಬಂದವಳೇ ನಿರ್ದೇಶಕರಿಗೆ ಫೋನ್ ಮಾಡಿ, ಸೊಸೆಗೆ ಅನ್ನ, ಮೀನು ಸಾರು ಬಡಿಸುವ ದೃಶ್ಯ ಸೇರಿಸುತ್ತೇನೆ ಎಂದೆ.

“ಮೇಡಂ, ಕಥೆಯಲ್ಲಿ ಆ ಮನೆಯವರು ಸಸ್ಯಾಹಾರಿಗಳಲ್ವಾ?” ಎಂದರು ಅವರು.

ನಾನೇ ಬರೆದದ್ದು ನನಗೇ ಮರೆತಿತ್ತು! ಕೊನೆಗೆ ಗಂಜಿ, ಉಪ್ಪಿನಕಾಯಿಗೆ ರಾಜಿಯಾಯಿತು.

ಅಂದಿನಿಂದ ನನ್ನ ಕಥೆಗಳಲ್ಲಿ ಯಾರನ್ನು ಕೂಡಿಹಾಕುವುದಿದ್ದರೂ ಹೊಟ್ಟೆ ತುಂಬ ಉಣ್ಣಿಸಿಯೇ ಬಾಗಿಲು ಹಾಕುವುದು. ನನ್ನ ಖಳನಾಯಕರು ಮದುವೆ ಮನೆಯವರಂತೆ ಉಪಚಾರ ಮಾಡುತ್ತಾರೆಂದು ನಿರ್ದೇಶಕರು ಈಗಲೂ ಗೊಣಗುತ್ತಾರೆ.